ಪ್ರೇಕ್ಷಕರ ಕುರ್ಚಿಯನ್ನು ರಂಗದ ಮೇಲಿಟ್ಟವನು

ಕೆಲವು ವರ್ಷಗಳ ಹಿಂದೆ ನಮ್ಮ ಹವ್ಯಾಸಿ ತಂಡದ ನಾಟಕವೊಂದನ್ನು ವಿಡಿಯೊ ಮಾಡಿಸಿದ್ದೆವು. ಮದುವೆಗಳಿಗೆ ಹೋಗುವ ಹುಡುಗ, ಒಳ್ಳೆಯ ಕ್ಯಾಮೆರಾ ಇಟ್ಟುಕೊಂಡಿದ್ದ. ಸಭಾಂಗಣದ ನಟ್ಟನಡುವೆ ಸ್ಟ್ಯಾಂಡ್ ನಿಲ್ಲಿಸಿ, ಮೂರನೇ ಗಂಟೆ ಹೊಡೆದ ಕೂಡಲೇ ಗುಂಡಿ ಒತ್ತಿ, ಕೊನೆಯ ಪರದೆ ಬೀಳುವ ತನಕ ಅಲುಗದೆ ನಿಂತು ಚಿತ್ರೀಕರಿಸಿಕೊಟ್ಟ. ಆ ರಾತ್ರಿ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದ್ದರು. ವಾರದ ಮೇಲೆ ತಂಡದವರೆಲ್ಲ ಒಬ್ಬರ ಮನೆಯಲ್ಲಿ ಸೇರಿ, ಚಕ್ಕುಲಿ ಕಡಿಯುತ್ತಾ ಟಿವಿಯಲ್ಲಿ ಅದನ್ನೇ ನೋಡಿದೆವು. ಹತ್ತು ನಿಮಿಷಕ್ಕೆ ಒಬ್ಬ ಫೋನ್ ತೆಗೆದ. ಇಪ್ಪತ್ತು ನಿಮಿಷಕ್ಕೆ ಬೇರೆ ಮಾತು ಶುರುವಾಯಿತು. ಒಂದು ಸಂಭಾಷಣೆಯೂ ಬಿಟ್ಟುಹೋಗಿರಲಿಲ್ಲ. ಒಂದು ಹೆಜ್ಜೆಯೂ ತಪ್ಪಿರಲಿಲ್ಲ. ಆದರೂ ಟಿವಿಯಲ್ಲಿ ಬಿದ್ದುಕೊಂಡಿದ್ದದ್ದು ನಮ್ಮ ನಾಟಕದ ಹೆಣ. ಮೊರದಲ್ಲಿ ಅಕ್ಕಿ ಆರಿಸುತ್ತಾ ಕೂತ ತಾಯಿಯ ಪಾತ್ರ ಹೆಬ್ಬೆರಳಿನಷ್ಟು ಕಾಣುತ್ತಿತ್ತು.

ಹುಡುಗನನ್ನು ಬೈಯುವಂತಿರಲಿಲ್ಲ. ಹೇಳಿದ್ದನ್ನೇ ಮಾಡಿದ್ದ. ತಪ್ಪು ಎಲ್ಲಿ ಆಯಿತು ಅನ್ನುವುದು ಮಾತ್ರ ನನ್ನ ತಲೆಯಲ್ಲಿ ಉಳಿದುಕೊಂಡಿತು. ಅದಕ್ಕೆ ಒಂದಿಷ್ಟು ಉತ್ತರ ಸಿಕ್ಕಿದ್ದು ಸಿಡ್ನಿ ಲುಮೆಟ್ ಎಂಬ ಅಮೆರಿಕದ ನಿರ್ದೇಶಕನ ಸಿನಿಮಾಗಳನ್ನು ಒಂದಾದ ಮೇಲೊಂದು ನೋಡುತ್ತಾ ಹೋದಾಗ.

ಮೊದಲು ತೊಡಕೇನು ಎಂದು ನೋಡೋಣ. ಸಭಾಂಗಣದಲ್ಲಿ ನಮ್ಮ ಕುರ್ಚಿ ಅಲುಗುವುದಿಲ್ಲ, ಕಣ್ಣು ಅಲುಗುತ್ತಲೇ ಇರುತ್ತದೆ. ಮಾತಾಡುವವನನ್ನು ಬಿಟ್ಟು ಕೇಳಿಸಿಕೊಳ್ಳುತ್ತಿರುವವಳ ಮುಖ ನೋಡುತ್ತೇವೆ, ಮೂಲೆಯಲ್ಲಿ ಸುಮ್ಮನೆ ಕೂತ ಮುದುಕನ ಕೈ ನೋಡುತ್ತೇವೆ, ಮತ್ತೆ ನಡುವಿಗೆ ಬರುತ್ತೇವೆ. ಒಂದೇ ನಾಟಕವನ್ನು ನೂರು ಜನ ನೂರು ಥರ ಜೋಡಿಸಿಕೊಂಡು ನೋಡುತ್ತಾರೆ. ಒಂದೇ ಕಡೆ ನೆಟ್ಟ ಕ್ಯಾಮೆರಾ ಈ ಆಯ್ಕೆಯನ್ನು ಕಿತ್ತುಕೊಳ್ಳುತ್ತದೆ, ಅದರ ಬದಲಿಗೆ ಏನನ್ನೂ ಕೊಡುವುದಿಲ್ಲ. ಇನ್ನೊಂದು ತೊಡಕು ದನಿಯದು. ಕೊನೆಯ ಸಾಲಿಗೆ ಮುಟ್ಟಲೆಂದು ಎತ್ತಿದ ದನಿ ನಮ್ಮ ಪಕ್ಕದಲ್ಲೇ ಕೇಳಿದರೆ ಕಿರುಚಾಟ.

ಎಲ್ಲಕ್ಕಿಂತ ದೊಡ್ಡ ತೊಡಕು ಜಾಗದ್ದು. ಯಕ್ಷಗಾನದಲ್ಲಿ ವೇಷಧಾರಿ ರಂಗಸ್ಥಳಕ್ಕೆ ಒಂದು ಸುತ್ತು ಕುಣಿದು ಬಂದರೆ ಕಾಡು ದಾಟಿ ಊರು ಸೇರಿದ ಹಾಗೆ. ಗಿರೀಶ ಕಾರ್ನಾಡರ 'ನಾಗಮಂಡಲ' ನಾಟಕದಲ್ಲಿ ಊರಿನ ದೀಪದ ಜ್ವಾಲೆಗಳು ಹೆಂಗಸರ ರೂಪದಲ್ಲಿ ರಾತ್ರಿ ಹಾಳುಗುಡಿಯಲ್ಲಿ ಸೇರಿ ಹರಟೆ ಹೊಡೆಯುತ್ತವೆ. ಯಾರೂ 'ಜ್ವಾಲೆ ಮಾತಾಡುತ್ತದೆಯೇ?' ಎಂದು ಕೇಳುವುದಿಲ್ಲ. ನಟರೂ ಪ್ರೇಕ್ಷಕರೂ ಕೂಡಿ ಮಾಡಿಕೊಂಡ ಒಪ್ಪಂದ ಅದು. ಕ್ಯಾಮೆರಾ ಈ ಒಪ್ಪಂದಕ್ಕೆ ಸಹಿ ಹಾಕಿಲ್ಲ. ರಟ್ಟಿನ ಮರದ ಮುಂದೆ ಅದನ್ನು ಹಿಡಿದರೆ ರಟ್ಟನ್ನೇ ತೋರಿಸುತ್ತದೆ.

ಇದಕ್ಕೆ ಸಿನಿಮಾದವರು ಮೊದಲಿನಿಂದಲೂ ಹಚ್ಚುತ್ತಾ ಬಂದಿರುವ ಮದ್ದೆಂದರೆ ನಾಟಕವನ್ನು ಹೊರಗೆ ಕರೆದುಕೊಂಡು ಹೋಗುವುದು. ಒಂದು ಕೋಣೆಯಲ್ಲಿ ನಡೆಯುವ ಕತೆಗೆ ಒಂದು ಸಂತೆ ಸೇರಿಸು, ಒಂದು ರೈಲು ಓಡಿಸು, ಪಾತ್ರ ಬಾಯಲ್ಲಿ ಹೇಳುವ ಹಿಂದಿನ ಕತೆಯನ್ನು ಫ್ಲ್ಯಾಶ್‌ಬ್ಯಾಕ್ ಮಾಡಿ ತೋರಿಸು. ನಮ್ಮಲ್ಲಿ 'ಸಿನಿಮಾ ನಾಟಕದ ಥರ ಇತ್ತು' ಅನ್ನುವುದು ಬೈಗುಳವೇ. ಕನ್ನಡ ಸಿನಿಮಾದ ತೊಟ್ಟಿಲು ತೂಗಿದ್ದೇ ಕಂಪನಿ ನಾಟಕಗಳು, ರಂಗದ ಮೇಲೆ ಹೆಸರು ಮಾಡಿದ 'ಬೇಡರ ಕಣ್ಣಪ್ಪ'ನೇ 1954ರಲ್ಲಿ ತೆರೆಗೆ ಬಂದು ರಾಜ್‌ಕುಮಾರ್ ಅವರನ್ನು ನಾಯಕನಟನನ್ನಾಗಿ ಕೊಟ್ಟಿತು ಅನ್ನುವುದನ್ನು ಮರೆತು ಬೈಯುತ್ತೇವೆ, ಆ ಮಾತು ಬೇರೆ. ಲುಮೆಟ್ ಈ ಮದ್ದನ್ನು ನಂಬಲಿಲ್ಲ. ಯಾವಾಗ ನಂಬಿದನೋ ಆಗ ಕೈ ಸುಟ್ಟುಕೊಂಡ. ಅವನ ಕೆಲಸದಲ್ಲಿ ಕಲಿಯಲು ಸಿಗುವುದು ಈ ಎರಡೂ ಕಡೆಯಿಂದ.

ಲುಮೆಟ್ ಹುಟ್ಟಿದ್ದು 1924ರಲ್ಲಿ, ಫಿಲಡೆಲ್ಫಿಯಾದಲ್ಲಿ. ಅಪ್ಪ ಬರೂಖ್ ಲುಮೆಟ್ ಯಿಡ್ಡಿಷ್ ರಂಗಭೂಮಿಯ ನಟ, ಅಮ್ಮ ನರ್ತಕಿ. ಯಹೂದಿ ವಲಸಿಗರ ಆ ರಂಗಭೂಮಿಯಲ್ಲೇ ಹುಡುಗ ಬಣ್ಣ ಹಚ್ಚಿದ. 1935ರಲ್ಲಿ 'ಡೆಡ್ ಎಂಡ್' ನಾಟಕದ ಮೂಲಕ ನ್ಯೂಯಾರ್ಕಿನ ದೊಡ್ಡ ರಂಗಮಂದಿರಗಳ ಬೀದಿಯಾದ ಬ್ರಾಡ್‌ವೇ ಹತ್ತಿದಾಗ ಅವನಿಗೆ ಹನ್ನೊಂದು ವರ್ಷ. ಎರಡನೇ ಮಹಾಯುದ್ಧದಲ್ಲಿ ಸೈನ್ಯ ಸೇರಿ, ರೇಡಾರ್ ರಿಪೇರಿ ಮಾಡುತ್ತಾ ಭಾರತ ಮತ್ತು ಬರ್ಮಾದಲ್ಲೂ ಇದ್ದ. ವಾಪಸು ಹೋಗಿ ನ್ಯೂಯಾರ್ಕ್‌ನಲ್ಲಿ ನಟರ ಗುಂಪು ಕಟ್ಟಿದ, ನಟನೆ ಕಲಿಸಿದ. 1950ರ ಹೊತ್ತಿಗೆ ಸಿಬಿಎಸ್ ಟಿವಿಗೆ ಸೇರಿ, 'ಡೇಂಜರ್' ಎಂಬ ಸರಣಿಯಲ್ಲಿ ಯೂಲ್ ಬ್ರಿನ್ನರ್‌ಗೆ ಸಹಾಯಕನಾಗಿ ಶುರುಮಾಡಿ, ಆಮೇಲೆ ತಾನೇ ನಿರ್ದೇಶಿಸಿದ.

ಆ ಕಾಲದ ಟಿವಿ ನಾಟಕ ನೇರಪ್ರಸಾರ. ಸ್ಟುಡಿಯೊದಲ್ಲಿ ನಟರು ನಾಟಕದ ಹಾಗೆಯೇ ಮೊದಲಿನಿಂದ ಕೊನೆಯವರೆಗೆ ಆಡಬೇಕು, ಸುತ್ತ ಕ್ಯಾಮೆರಾಗಳು ಚಕ್ರದ ಮೇಲೆ ಓಡಾಡಬೇಕು, ಯಾವ ಕ್ಷಣಕ್ಕೆ ಯಾವ ಕ್ಯಾಮೆರಾ ಎಂದು ನಿರ್ದೇಶಕ ಆಗಿಂದಾಗಲೇ ಹೇಳಬೇಕು. ಮಾತು ತಪ್ಪಿದರೆ ತಪ್ಪಿದ್ದೇ ಮನೆಮನೆಗೆ ಹೋಗುತ್ತದೆ. ರಂಗಭೂಮಿಯ ತಾಲೀಮು, ಸಿನಿಮಾದ ಕಣ್ಣು ಎರಡೂ ಒಂದೇ ಕಡೆ ಸಿಗುವ ಗರಡಿಮನೆ ಅದು. ಲುಮೆಟ್ ಅಲ್ಲಿ ಪಳಗಿದ.

1957ರ '12 ಆಂಗ್ರಿ ಮೆನ್' ಅವನ ಮೊದಲ ಸಿನಿಮಾ. ಕಟ್ಟುನಿಟ್ಟಾಗಿ ಹೇಳಿದರೆ ಅದರ ಮೂಲ ರಂಗನಾಟಕವಲ್ಲ. ರೆಜಿನಾಲ್ಡ್ ರೋಸ್ ಬರೆದು 1954ರಲ್ಲಿ ಪ್ರಸಾರವಾದ ಟಿವಿ ನಾಟಕ. ರಂಗದ ಮೇಲೆ ಮತ್ತೆಮತ್ತೆ ಬಂದದ್ದು ಆಮೇಲೆ. ಆದರೆ ಒಂದೇ ಕೋಣೆ, ಒಂದೇ ಮೇಜು, ಬರೀ ಮಾತು ಎಂಬ ಅರ್ಥದಲ್ಲಿ ಇದಕ್ಕಿಂತ ನಾಟಕೀಯವಾದ ಸರಕು ಸಿಗಲಿಕ್ಕಿಲ್ಲ. ಅಪ್ಪನನ್ನು ಕೊಂದ ಆರೋಪದ ಮೇಲೆ ಒಬ್ಬ ಹುಡುಗನ ವಿಚಾರಣೆ ಮುಗಿದಿದೆ. ಹನ್ನೆರಡು ಮಂದಿ ಜ್ಯೂರಿ ಸದಸ್ಯರು ಕೋಣೆಯಲ್ಲಿ ಕೂತು ಒಮ್ಮತಕ್ಕೆ ಬರಬೇಕು. ಹನ್ನೊಂದು ಮಂದಿ 'ತಪ್ಪಿತಸ್ಥ' ಅನ್ನುತ್ತಾರೆ, ಒಬ್ಬ ಮಾತ್ರ ಕೈಯೆತ್ತುವುದಿಲ್ಲ. ಒಂದೂವರೆ ಗಂಟೆಯ ಈ ಸಿನಿಮಾ ಆ ಕೋಣೆಯಿಂದ ಹೊರಗಿರುವುದು ಕೆಲವೇ ನಿಮಿಷ. ಹಿಂದಿಯಲ್ಲಿ ಬಾಸು ಚಟರ್ಜಿ ಇದನ್ನೇ 1986ರಲ್ಲಿ 'ಏಕ್ ರುಕಾ ಹುವಾ ಫೈಸ್ಲಾ' ಮಾಡಿದರು. ಕನ್ನಡದಲ್ಲಿ 2012ರ 'ದಶಮುಖ' ಇದರ ರೂಪಾಂತರ.

ಬೇರೆ ಯಾರಾದರೂ ಆಗಿದ್ದರೆ ಕೊಲೆ ನಡೆದ ಮನೆ ತೋರಿಸುತ್ತಿದ್ದರು, ಸಾಕ್ಷಿ ಹೇಳಿದ ಹೆಂಗಸಿನ ಕಿಟಕಿ ತೋರಿಸುತ್ತಿದ್ದರು. ಲುಮೆಟ್ ಅದರ ತದ್ವಿರುದ್ಧ ದಾರಿ ಹಿಡಿದ. ಕೋಣೆ ಚಿಕ್ಕದೇ? ಹಾಗಾದರೆ ಇನ್ನೂ ಚಿಕ್ಕದು ಮಾಡೋಣ.

ಗೋಡೆ ಸರಿಸದೆ ಕೋಣೆಯನ್ನು ಕುಗ್ಗಿಸುವುದು ಹೇಗೆ? ಇದು ಅರ್ಥವಾಗಬೇಕಾದರೆ ಕ್ರಿಕೆಟ್ ನೆನಪಿಸಿಕೊಳ್ಳಿ. ಟಿವಿಯಲ್ಲಿ ಬೌಲರ್ ಹಿಂದಿನಿಂದ ತೋರಿಸುವ ದೃಶ್ಯದಲ್ಲಿ ಬೌಲರೂ ಬ್ಯಾಟ್ಸ್‌ಮನ್ನೂ ಕೈ ಚಾಚಿದರೆ ಮುಟ್ಟುವಷ್ಟು ಹತ್ತಿರ ಇದ್ದ ಹಾಗೆ ಕಾಣುತ್ತದೆ. ನಡುವೆ 22 ಗಜ ಇದೆ ಎಂದು ನಂಬುವುದೇ ಕಷ್ಟ. ಕ್ಯಾಮೆರಾ ಬೌಂಡರಿಯ ಆಚೆ ಬಹುದೂರ ನಿಂತು ಉದ್ದ ಲೆನ್ಸಿನಲ್ಲಿ ನೋಡುತ್ತಿರುವುದರಿಂದ ಹೀಗಾಗುತ್ತದೆ. ದೂರದಿಂದ ನೋಡಿದಾಗ ಮುಂದಿನವನಿಗೂ ಹಿಂದಿನವನಿಗೂ ಇರುವ ಅಂತರ, ನಮಗೂ ಅವರಿಗೂ ಇರುವ ಅಂತರದ ಮುಂದೆ ಏನೂ ಅಲ್ಲದಂತಾಗಿ ಇಬ್ಬರೂ ಒಂದೇ ಹಾಳೆಗೆ ಅಂಟಿಕೊಂಡಂತೆ ಕಾಣುತ್ತಾರೆ. ಅಗಲ ನೋಟದ ಲೆನ್ಸ್ ಹಿಡಿದು ಹತ್ತಿರ ನಿಂತರೆ ಇದು ಉಲ್ಟಾ. ಮುಂದಿನವನು ದೊಡ್ಡವನು, ಹಿಂದಿನ ಗೋಡೆ ಎಲ್ಲೋ ದೂರ. ನಿಮ್ಮ ಫೋನಿನಲ್ಲೇ ನೋಡಬಹುದು. ಸ್ನೇಹಿತನ ಮುಖವನ್ನು ಹತ್ತಿರದಿಂದ ಒಂದು ಫೋಟೊ ತೆಗೆಯಿರಿ. ಆಮೇಲೆ ಹತ್ತು ಹೆಜ್ಜೆ ಹಿಂದೆ ಹೋಗಿ, ಮುಖ ಅಷ್ಟೇ ದೊಡ್ಡದಾಗುವ ತನಕ ಜೂಮ್ ಮಾಡಿ ಇನ್ನೊಂದು ತೆಗೆಯಿರಿ. ಎರಡನೆಯದರಲ್ಲಿ ಹಿಂದಿನ ಗೋಡೆ ಅವನ ಹೆಗಲ ಮೇಲೆ ಬಂದು ಕೂತಿರುತ್ತದೆ.

ಲುಮೆಟ್ ಸಿನಿಮಾದ ಆರಂಭದ ಭಾಗವನ್ನು 28ರಿಂದ 40 ಮಿ.ಮೀ. ಲೆನ್ಸ್‌ಗಳಲ್ಲಿ ತೆಗೆದ. ಈ ಅಂಕಿ ದೊಡ್ಡದಾದಷ್ಟೂ ಲೆನ್ಸ್ ಉದ್ದ. ಜಗಳ ಏರುತ್ತಾ ಹೋದ ಹಾಗೆ 50, ಆಮೇಲೆ 75, ಕೊನೆಗೆ 100. ಜೊತೆಗೆ ಕ್ಯಾಮೆರಾದ ಎತ್ತರವನ್ನೂ ಇಳಿಸುತ್ತಾ ಬಂದ. ಮೊದಲ ಮೂರನೇ ಒಂದು ಭಾಗ ಕಣ್ಣಿನ ಮಟ್ಟಕ್ಕಿಂತ ಮೇಲಿನಿಂದ, ನಡುವಿನ ಭಾಗ ಕಣ್ಣಿನ ಮಟ್ಟದಲ್ಲಿ, ಕೊನೆಯ ಭಾಗ ಕೆಳಗಿನಿಂದ. ಕೆಳಗಿನಿಂದ ಮೇಲಕ್ಕೆ ನೋಡಿದರೆ ಚಾವಣಿ ಕಾಣಲೇಬೇಕು. ಹಾಗಾಗಿ ಗೋಡೆಗಳು ಒತ್ತಿ ಬಂದದ್ದಲ್ಲದೆ ಮಾಡೂ ತಲೆಯ ಮೇಲೆ ಇಳಿಯಿತು. ನೋಡುವವರಿಗೆ ಇದ್ಯಾವುದೂ ಗೊತ್ತಾಗುವುದಿಲ್ಲ, ಉಸಿರು ಕಟ್ಟುವುದು ಮಾತ್ರ ಗೊತ್ತಾಗುತ್ತದೆ. ಎಲ್ಲ ಮುಗಿದು ಜ್ಯೂರಿಯವರು ಕೋರ್ಟಿನ ಮೆಟ್ಟಿಲು ಇಳಿಯುವ ಕೊನೆಯ ದೃಶ್ಯಕ್ಕೆ ಇಡೀ ಸಿನಿಮಾದಲ್ಲೇ ಅತಿ ಅಗಲವಾದ ಲೆನ್ಸ್ ಹಾಕಿ, ಕ್ಯಾಮೆರಾವನ್ನು ಎಲ್ಲಕ್ಕಿಂತ ಎತ್ತರಕ್ಕೆ ಏರಿಸಿದ. ಮಳೆ ನಿಂತ ರಸ್ತೆ, ಗಾಳಿ. ನಾಟಕವನ್ನು 'ಹೊರಗೆ' ತಂದದ್ದು ಹೌದು, ಆದರೆ ಒಂದೂವರೆ ಗಂಟೆ ಕಾಯಿಸಿ ತಂದದ್ದು.

ಹಾಗೆಂದು ಎಲ್ಲವೂ ಕ್ಲೋಸಪ್ಪಿನ ಆಟವಲ್ಲ. ಒಬ್ಬ ಸದಸ್ಯ ಕೊಳೆಗೇರಿಯ ಜನರ ಮೇಲೆ ವಿಷ ಕಾರುತ್ತಾ ಹೋಗುವ ದೃಶ್ಯವಿದೆ. ಅವನು ಮಾತಾಡುತ್ತಿದ್ದ ಹಾಗೆ ಒಬ್ಬೊಬ್ಬರಾಗಿ ಮೇಜು ಬಿಟ್ಟೆದ್ದು ದೂರ ಹೋಗಿ ಅವನಿಗೆ ಬೆನ್ನು ತಿರುಗಿಸುತ್ತಾರೆ. ಮಾತು ಮುಗಿಯುವ ಹೊತ್ತಿಗೆ ಖಾಲಿ ಕುರ್ಚಿಗಳ ನಡುವೆ ಅವನೊಬ್ಬನೇ. ಇದು ಅಪ್ಪಟ ರಂಗದ ಚಲನೆ, ಯಾವ ನಾಟಕದ ನಿರ್ದೇಶಕನೂ ಮಾಡಿಸಬಹುದಾದದ್ದು. ಲುಮೆಟ್ ಇಲ್ಲಿ ಕ್ಯಾಮೆರಾವನ್ನು ದೂರ ಇಟ್ಟು ಎಲ್ಲರನ್ನೂ ಒಟ್ಟಿಗೆ ಕಾಣಿಸಿದ, ಮುಖಗಳನ್ನು ತುಂಡುತುಂಡು ಮಾಡಲಿಲ್ಲ. ಸಭಾಂಗಣದ ಕುರ್ಚಿ ಎಲ್ಲಿ ಬೇಕೋ ಅಲ್ಲಿ ಅದನ್ನೇ ಕೊಡುವ ತಿಳಿವಳಿಕೆ ಇದು. ಆರಂಭದಲ್ಲಿ ತಿರುಗದೆ ಕೈಕೊಟ್ಟ ಗೋಡೆಯ ಫ್ಯಾನು, ಮಳೆ ಬಂದು ಕತ್ತಲಾಗಿ ದೀಪ ಹಾಕಿದಾಗ ತಾನಾಗಿ ತಿರುಗಲು ಶುರುಮಾಡುತ್ತದೆ. ಎರಡಕ್ಕೂ ಒಂದೇ ಸ್ವಿಚ್ಚು! ಹೊರಗಿನ ಲೋಕವನ್ನು ಒಳಗೆ ತರಲು ಇಷ್ಟು ಸಾಕಾಯಿತು.

ಈ ಸಿನಿಮಾ ಮುಗಿದದ್ದು 19 ದಿನಗಳಲ್ಲಿ. ಅದರ ಹಿಂದಿನ ಲೆಕ್ಕಾಚಾರ ಕೇಳಿದರೆ ನಾಟಕದವರಿಗೆ ಖುಷಿಯಾಗುತ್ತದೆ. ಬೆಳಕು ಬದಲಿಸುವುದಕ್ಕೆ ಹೊತ್ತು ಬೇಕು, ಹೊತ್ತು ಅಂದರೆ ದುಡ್ಡು. ಆದ್ದರಿಂದ ಒಂದು ಕುರ್ಚಿಗೆ ಬೆಳಕು ಜೋಡಿಸಿದ ಮೇಲೆ, ಕತೆಯ ಯಾವುದೇ ಹಂತದ್ದಾಗಲಿ, ಆ ಕುರ್ಚಿಯ ಶಾಟ್‌ಗಳನ್ನೆಲ್ಲ ಮುಗಿಸಿ ಮುಂದಿನ ಕುರ್ಚಿಗೆ ಹೋಗುತ್ತಿದ್ದರು. ಹೆನ್ರಿ ಫೋಂಡಾ ಮತ್ತು ಲೀ ಜೆ. ಕಾಬ್ ಎದುರುಬದುರು ನಿಂತು ಕೂಗಾಡುವ ಮಾತುಕತೆಯಲ್ಲಿ ಒಬ್ಬನ ಕಡೆಯದನ್ನು ಇಂದು ತೆಗೆದರೆ ಇನ್ನೊಬ್ಬನ ಕಡೆಯದು ವಾರದ ಮೇಲೆ. ಕೋಪ ಇಂದು ಎಷ್ಟು ಏರಿತ್ತೋ ವಾರದ ಮೇಲೂ ಅಷ್ಟೇ ಏರಿರಬೇಕು. ಅದು ಸಾಧ್ಯವಾದದ್ದು ಚಿತ್ರೀಕರಣಕ್ಕೆ ಮೊದಲು ಎರಡು ವಾರ ನಡೆಸಿದ ತಾಲೀಮಿನಿಂದ. ಲುಮೆಟ್ ಕೊನೆಯವರೆಗೂ ಈ ಅಭ್ಯಾಸ ಬಿಡಲಿಲ್ಲ. ತಾಲೀಮಿನ ಕೋಣೆಯ ನೆಲದ ಮೇಲೆ ಟೇಪು ಅಂಟಿಸಿ ಬಾಗಿಲು, ಮಂಚ, ಮೇಜು ಎಲ್ಲಿವೆ ಎಂದು ಗುರುತು ಮಾಡಿ ಇಡೀ ಸಿನಿಮಾವನ್ನು ನಾಟಕದ ಹಾಗೆ ಆಡಿಸಿ ನೋಡುತ್ತಿದ್ದ.

1962ರ 'ಲಾಂಗ್ ಡೇಸ್ ಜರ್ನಿ ಇಂಟು ನೈಟ್' ಇನ್ನೂ ಗಟ್ಟಿಯಾದ ಪರೀಕ್ಷೆ. ಯುಜೀನ್ ಓನೀಲ್ ತನ್ನ ಮನೆಯ ದುಃಖವನ್ನೇ ಬರೆದು, ತಾನು ಬದುಕಿರುವಾಗ ಹೊರಗೆ ಬಿಡದ ನಾಟಕ ಅದು. ಅವನು ಸತ್ತು ಮೂರು ವರ್ಷದ ಮೇಲೆ, 1956ರಲ್ಲಿ, ರಂಗಕ್ಕೆ ಬಂತು. 1912ರ ಆಗಸ್ಟಿನ ಒಂದು ದಿನ, ಬೆಳಗಿನ ತಿಂಡಿಯಿಂದ ನಡುರಾತ್ರಿಯ ತನಕ. ಜಿಪುಣ ನಟ ಅಪ್ಪ, ಮಾರ್ಫಿನ್ ಚಟಕ್ಕೆ ಬಿದ್ದ ಅಮ್ಮ, ಕುಡುಕ ಹಿರಿಮಗ, ಕ್ಷಯ ಹಿಡಿದ ಕಿರಿಮಗ. ನಾಲ್ವರೂ ಒಬ್ಬರನ್ನೊಬ್ಬರು ಪ್ರೀತಿಸುತ್ತಾರೆ, ಒಬ್ಬರನ್ನೊಬ್ಬರು ಚುಚ್ಚದೆ ಇರಲಾರರು. ಘಟನೆ ಅಂತ ಏನೂ ಇಲ್ಲ.

ಲುಮೆಟ್ ಇದಕ್ಕೆ ಬೇರೆ ಚಿತ್ರಕತೆಯನ್ನೇ ಬರೆಸಲಿಲ್ಲ. ನಾಟಕದ ಪಠ್ಯವನ್ನೇ ಹಿಡಿದು ಸುಮಾರು ಮೂರು ಗಂಟೆಯ ಸಿನಿಮಾ ಮಾಡಿದ. ಬೆಳಗಿನ ಹೊತ್ತಿನ ಕೆಲವು ಮಾತು ಮನೆಯ ಹೊರಗೆ, ಬಿಸಿಲಲ್ಲಿ. ಆಮೇಲೆ ಬಾಗಿಲು ಮುಚ್ಚಿದ ಹಾಗೆ. ಮಂಜು ಕವಿಯುತ್ತದೆ, ಹೊರಗೆ ಹಡಗಿನವರಿಗೆ ಎಚ್ಚರಿಕೆ ಕೊಡುವ ಕೊಂಬು ಕೂಗುತ್ತದೆ. ಕರೆಂಟು ಉಳಿಸಲೆಂದು ಬಲ್ಬು ಆರಿಸುವ ಅಪ್ಪ ತನ್ನ ಬಾಳಿನ ಸೋಲನ್ನು ಮಗನ ಮುಂದೆ ಬಿಚ್ಚಿಡುವುದು ಆ ಅರೆಬೆಳಕಿನಲ್ಲೇ. ಛಾಯಾಗ್ರಾಹಕ ಬೋರಿಸ್ ಕೌಫ್ಮನ್. '12 ಆಂಗ್ರಿ ಮೆನ್' ತೆಗೆದವನೂ ಅವನೇ, ರಷ್ಯಾದ ಸಾಕ್ಷ್ಯಚಿತ್ರ ನಿರ್ದೇಶಕ ಜಿಗಾ ವೆರ್ತೊವ್‌ನ ತಮ್ಮ.

ಅಪ್ಪನ ಪಾತ್ರಕ್ಕೆ ಬಂದವನು ಇಂಗ್ಲೆಂಡಿನ ಹಳೆಯ ಹುಲಿ ರಾಲ್ಫ್ ರಿಚರ್ಡ್‌ಸನ್. ತಾಲೀಮಿನಲ್ಲಿ ಅವನು ಏನೋ ಒಂದು ಪ್ರಶ್ನೆ ಕೇಳಿದನಂತೆ. ಲುಮೆಟ್ ಆ ದೃಶ್ಯದ ಒಳಹೊರಗನ್ನೆಲ್ಲ ಮುಕ್ಕಾಲು ಗಂಟೆ ವಿವರಿಸಿದ. ಎಲ್ಲ ಕೇಳಿಸಿಕೊಂಡ ರಿಚರ್ಡ್‌ಸನ್ ಸ್ವಲ್ಪ ಸುಮ್ಮನಿದ್ದು, ಅರ್ಥವಾಯಿತು ಮರೀ, ಚೆಲ್ಲೊ ಸ್ವಲ್ಪ ಜಾಸ್ತಿ, ಕೊಳಲು ಸ್ವಲ್ಪ ಕಡಿಮೆ ಅಂತ ತಾನೆ, ಎಂಬರ್ಥದ ಮಾತು ಹೇಳಿದ. ಅಲ್ಲಿಂದ ಮುಂದೆ ಇಬ್ಬರೂ ಸಂಗೀತದ ಭಾಷೆಯಲ್ಲೇ ಮಾತಾಡಿಕೊಂಡರು. ಲುಮೆಟ್ ತನ್ನ ಪುಸ್ತಕದಲ್ಲಿ ಇದನ್ನು ತನ್ನ ಮೇಲೆಯೇ ನಕ್ಕುಕೊಳ್ಳುತ್ತಾ ಬರೆದಿದ್ದಾನೆ. ನಟನಿಗೆ ಬೇಕಾದದ್ದು ಭಾಷಣವಲ್ಲ, ಶ್ರುತಿ ಎಷ್ಟಕ್ಕೆ ಕೂರಿಸಬೇಕು ಅನ್ನುವುದು. ಸಭಾಂಗಣಕ್ಕೆಂದು ಬರೆದ ದೊಡ್ಡ ದೊಡ್ಡ ಮಾತುಗಳನ್ನು ಒಂದು ಮೊಳ ದೂರದ ಕ್ಯಾಮೆರಾಕ್ಕೆ ಇಳಿಸುವ ಕೆಲಸವೂ ಇದೇ.

ಕೊನೆಯ ದೃಶ್ಯವನ್ನು ಕಣ್ಣಿಗೆ ಕಟ್ಟುವ ಹಾಗೆ ಹೇಳುವುದು ಕಷ್ಟ. ರಾತ್ರಿ. ಮೂವರು ಗಂಡಸರು ಮೇಜಿನ ಸುತ್ತ ಕೂತಿದ್ದಾರೆ. ಮಾರ್ಫಿನ್ ಮಂಪರಿನಲ್ಲಿ ಹುಡುಗಿಯಾಗಿಬಿಟ್ಟಿರುವ ಅಮ್ಮ, ಅಂದರೆ ಕ್ಯಾಥರೀನ್ ಹೆಪ್‌ಬರ್ನ್, ಕಾನ್ವೆಂಟಿನ ದಿನಗಳ ಬಗ್ಗೆ ತನಗೆ ತಾನೇ ಹೇಳಿಕೊಳ್ಳುತ್ತಿದ್ದಾಳೆ. ಕ್ಯಾಮೆರಾ ಮೆಲ್ಲಗೆ ಹಿಂದಕ್ಕೆ ಸರಿಯುತ್ತದೆ. ಇನ್ನೂ ಹಿಂದಕ್ಕೆ. ಗೋಡೆಗಳು ಕತ್ತಲಲ್ಲಿ ಕರಗಿ, ಕಪ್ಪು ಬಯಲಿನ ನಡುವೆ ಒಂದು ತುಣುಕು ಬೆಳಕು, ಅದರಲ್ಲಿ ನಾಲ್ಕು ಬೊಂಬೆಗಳು ಉಳಿಯುತ್ತವೆ. ಸಭಾಂಗಣದ ಕೊನೆಯ ಸಾಲಿಗಿಂತಲೂ ಹಿಂದೆ, ಕಟ್ಟಡದಾಚೆಗೆ ನಮ್ಮ ಕುರ್ಚಿ ಹೋಗಿಬಿಟ್ಟಿದೆ. ಅಲ್ಲಿಂದ ಒಮ್ಮೆಲೇ ಮುಖಗಳಿಗೆ ಕಟ್, ಅವಳ ಮುಖ ತೆರೆಯ ತುಂಬ. ಅಷ್ಟು ದೂರ ಹೋಗಿ ಅಷ್ಟು ಹತ್ತಿರ ಬರುವುದನ್ನು ಯಾವ ರಂಗವೂ ಮಾಡಲಾರದು. ಮಾತು ಮಾತ್ರ ಓನೀಲ್ ಬರೆದದ್ದೇ. ಆ ವರ್ಷದ ಕಾನ್ ಉತ್ಸವದಲ್ಲಿ ನಾಲ್ವರು ನಟರಿಗೂ ನಟನೆಯ ಪ್ರಶಸ್ತಿ ಬಂತು.

ನಡುವೆ, ಆಮೇಲೆ, ಇನ್ನೂ ಹಲವು ನಾಟಕಗಳು ಬಂದವು. ಟೆನ್ನೆಸಿ ವಿಲಿಯಮ್ಸ್‌ನ 'ಆರ್ಫಿಯಸ್ ಡಿಸೆಂಡಿಂಗ್' 1960ರಲ್ಲಿ 'ದ ಫ್ಯುಜಿಟಿವ್ ಕೈಂಡ್' ಆಯಿತು. ಕಾಣದ ನ್ಯಾಯಾಧೀಶನೊಬ್ಬನಿಗೆ ಮಾರ್ಲನ್ ಬ್ರಾಂಡೊ ಉತ್ತರ ಕೊಡುತ್ತಾ ನಿಲ್ಲುವ ಅದರ ಮೊದಲ ದೃಶ್ಯ ನಾಟಕದಲ್ಲಿಲ್ಲ. ಹೊಸದಾಗಿ ಸೇರಿಸಿದ್ದು, ಆದರೂ ಕ್ಯಾಮೆರಾ ಅವನ ಮುಖ ಬಿಟ್ಟು ಕದಲುವುದಿಲ್ಲ. ಆರ್ಥರ್ ಮಿಲ್ಲರ್‌ನ 'ಎ ವ್ಯೂ ಫ್ರಮ್ ದ ಬ್ರಿಡ್ಜ್' 1962ರಲ್ಲಿ ಇಂಗ್ಲಿಷ್, ಫ್ರೆಂಚ್ ಎರಡರಲ್ಲೂ ಬಂತು. ಚೆಕಾಫ್‌ನ 'ದ ಸೀ ಗಲ್' 1968ರಲ್ಲಿ, ದೊಡ್ಡ ದೊಡ್ಡ ನಟರಿದ್ದೂ ನನಗೆ ನಿದ್ದೆ ತರಿಸಿದ ಸಿನಿಮಾ. ಶಾನ್ ಕಾನರಿ ನಟಿಸಿದ 'ದ ಅಫೆನ್ಸ್' ಜನ ಅಷ್ಟಾಗಿ ನೋಡದ, ನೋಡಲೇಬೇಕಾದ ಚಿತ್ರ. ಅದೂ ನಾಟಕವೇ. 'ಡಾಗ್ ಡೇ ಆಫ್ಟರ್‌ನೂನ್', 'ನೆಟ್‌ವರ್ಕ್' ಮುಂತಾದ ಹೆಸರಾಂತ ಸಿನಿಮಾಗಳು ಈ ಲೆಕ್ಕಕ್ಕೆ ಬರುವುದಿಲ್ಲ. ಅವುಗಳ ಮೂಲ ರಂಗದ್ದಲ್ಲ.

ನಾನು ಹೆಚ್ಚು ಹೊತ್ತು ನಿಲ್ಲಬಯಸುವುದು 1977ರ 'ಈಕ್ವಸ್' ಮುಂದೆ. ಲುಮೆಟ್ ಎಡವಿದ್ದನ್ನು ನೋಡಿದರೆ ಗೆದ್ದದ್ದು ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ.

ಪೀಟರ್ ಶಾಫರ್‌ನ ಈ ನಾಟಕ 1973ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರ್ ಆಡಿದ್ದು. ಕುದುರೆಯನ್ನೇ ದೇವರೆಂದು ಪೂಜಿಸುವ ಹದಿನೇಳರ ಹುಡುಗನೊಬ್ಬ ಒಂದು ರಾತ್ರಿ ಲಾಯದಲ್ಲಿದ್ದ ಆರು ಕುದುರೆಗಳ ಕಣ್ಣು ಚುಚ್ಚಿಬಿಟ್ಟಿದ್ದಾನೆ. ಯಾಕೆಂದು ಕಂಡುಹಿಡಿಯುವುದು ಮನೋವೈದ್ಯನ ಕೆಲಸ. ರಂಗದ ಮೇಲೆ ಕುದುರೆಗಳಾಗಿ ಬರುತ್ತಿದ್ದವರು ನಟರು. ಕಂದು ಬಣ್ಣದ ಬಟ್ಟೆ, ತಂತಿ ಮತ್ತು ಚರ್ಮದಿಂದ ಹೆಣೆದ ಮುಖವಾಡ, ಒಳಗಿನ ನಟನ ಮುಖವೂ ಆಚೆಗೆ ಕಾಣುತ್ತಿತ್ತು. ಕಾಲಿಗೆ ಲೋಹದ ಎತ್ತರದ ಗೊರಸು, ನಡೆದರೆ ಟಕ್ ಟಕ್. ಚೌಕಾಕಾರದ ಮರದ ಕಟ್ಟೆಯ ಸುತ್ತ ನಟರು ಬೆಂಚಿನ ಮೇಲೆ ಕೂತಿರುತ್ತಿದ್ದರು. ಪ್ರೇಕ್ಷಕರಲ್ಲೂ ಕೆಲವರಿಗೆ ರಂಗದ ಮೇಲೆಯೇ ಸಾಲಾಗಿ ಆಸನ ಹಾಕಿದ್ದರು. ಕುರ್ಚಿಯನ್ನು ಒಳಗೆ ಒಯ್ಯುವ ಕೆಲಸವನ್ನು ಇಲ್ಲಿ ನಾಟಕವೇ ಮುಗಿಸಿಬಿಟ್ಟಿತ್ತು.

ನಮಗೆ ಇದು ಹೊಸದೇನಲ್ಲ. ಕಾರ್ನಾಡರ 'ಹಯವದನ' 1971ರದು. ಕುದುರೆ ಮುಖ ಹೊತ್ತ ಮನುಷ್ಯ ರಂಗಕ್ಕೆ ಬಂದು ತನ್ನ ದುಃಖ ಹೇಳಿಕೊಂಡಾಗ ನಾವು ಮುಖವಾಡವನ್ನು ನೋಡುತ್ತೇವೆ, ಕುದುರೆಯನ್ನೂ ನೋಡುತ್ತೇವೆ, ಕೆಳಗಿನ ನಟನ ಬೆವರನ್ನೂ ನೋಡುತ್ತೇವೆ. ಮೂರೂ ಏಕಕಾಲಕ್ಕೆ ನಿಜ. ಭಾಗವತರು ಹಾಡಿದರೆ ಸಾಕು, ಯಾರಿಗೂ ಅನುಮಾನ ಉಳಿಯುವುದಿಲ್ಲ.

ಲುಮೆಟ್ ಸಿನಿಮಾದಲ್ಲಿ ನಿಜವಾದ ಕುದುರೆಗಳನ್ನು ತಂದ. ಹುಡುಗ ರಾತ್ರಿ ಬೆತ್ತಲಾಗಿ ಸವಾರಿ ಮಾಡುವ ಬಯಲು ನಿಜ, ಲಾಯ ನಿಜ, ಕೊನೆಗೆ ಕಣ್ಣು ಚುಚ್ಚುವುದನ್ನೂ ನಿಜದಂತೆ ತೋರಿಸಿದ. ರಂಗದ ಮೇಲೆ ಆ ದೃಶ್ಯ ಒಂದು ಬಲಿಪೂಜೆಯ ಹಾಗಿತ್ತು, ದೇವರನ್ನೇ ಕುರುಡು ಮಾಡುತ್ತಿದ್ದಾನೆ ಎಂಬ ನಡುಕ ಅದರಲ್ಲಿತ್ತು. ತೆರೆಯ ಮೇಲೆ ಅದು ಪ್ರಾಣಿಹಿಂಸೆ. ನೋಡುವವರಿಗೆ ಹುಡುಗನ ನೋವು ಮರೆತು ಪಾಪದ ಕುದುರೆಯ ಚಿಂತೆ ಹತ್ತಿಕೊಳ್ಳುತ್ತದೆ. ಪ್ರಾಣಿದಯೆಯವರು ಪ್ರತಿಭಟಿಸಿದರು, ವಿಮರ್ಶಕರೂ ಬಿಡಲಿಲ್ಲ. ತಮಾಷೆಯೆಂದರೆ ಅದೇ ಸಿನಿಮಾದಲ್ಲಿ ಗೆದ್ದ ಭಾಗಗಳೂ ಇವೆ. ವೈದ್ಯನಾದ ರಿಚರ್ಡ್ ಬರ್ಟನ್ ಮೇಜಿನ ಹಿಂದೆ ಕೂತು ನೇರವಾಗಿ ಕ್ಯಾಮೆರಾ ನೋಡಿಕೊಂಡು ಮಾತಾಡುವ ಸ್ವಗತಗಳು. ಅಲಂಕಾರವಿಲ್ಲ, ಫ್ಲ್ಯಾಶ್‌ಬ್ಯಾಕ್ ಇಲ್ಲ, ಮುಖ ಮತ್ತು ಆ ಕಂಠ. ಬರ್ಟನ್‌ಗೂ ಹುಡುಗನಾದ ಪೀಟರ್ ಫರ್ತ್‌ಗೂ ಆಸ್ಕರ್ ನಾಮನಿರ್ದೇಶನ ಸಿಕ್ಕಿತು. ಕುದುರೆ ಇಲ್ಲದ ಕಡೆಯಲ್ಲೇ 'ಈಕ್ವಸ್' ಜೀವಂತವಾಗಿರುವುದು.

ಒಪ್ಪಂದ ಮುರಿದರೆ ಏನಾಗುತ್ತದೆ ಅನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಪಾಠ ನನಗೆ ಸಿಕ್ಕಿಲ್ಲ. ಕೋಣೆ, ಮೇಜು, ಮಾತು ಇರುವ ವಾಸ್ತವದ ನಾಟಕವನ್ನು ಕ್ಯಾಮೆರಾ ಹಾಗೇ ಎತ್ತಿಕೊಳ್ಳಬಲ್ಲದು. ಅಲ್ಲಿ ಬದಲಾಗಬೇಕಾದದ್ದು ನಾವು ಕೂರುವ ಜಾಗ ಒಂದೇ. ಮುಖವಾಡ, ಕುಣಿತ, ಒಂದು ಸುತ್ತಿನಲ್ಲಿ ಕಾಡು ದಾಟುವ ನಾಟಕದ್ದು ಬೇರೆ ಗತಿ. ಅದರ ಒಪ್ಪಂದದ ಬದಲಿಗೆ ಸಿನಿಮಾ ತನ್ನದೇ ಇನ್ನೊಂದು ಒಪ್ಪಂದವನ್ನು ಕಟ್ಟಿಕೊಡಬೇಕಾಗುತ್ತದೆ. ನಿಜವಾದ ಕುದುರೆ ತಂದು ಕಟ್ಟಿದರೆ ಆ ಜಾಗ ತುಂಬುವುದಿಲ್ಲ.

ಮರುವರ್ಷವೇ, 1978ರಲ್ಲಿ, 'ದ ವಿಜ್'. ಬ್ರಾಡ್‌ವೇಯಲ್ಲಿ ಗೆದ್ದ ಸಂಗೀತ ನಾಟಕ, ಕರಿಯ ಕಲಾವಿದರದು. ಲುಮೆಟ್ ಅದಕ್ಕೆ ಇಡೀ ನ್ಯೂಯಾರ್ಕ್ ನಗರವನ್ನೇ ರಂಗಸಜ್ಜಿಕೆ ಮಾಡಿದ. ವರ್ಲ್ಡ್ ಟ್ರೇಡ್ ಸೆಂಟರಿನ ಅಂಗಳದಲ್ಲಿ ಜನಸಾಗರದ ಕುಣಿತ, ಡಯಾನಾ ರಾಸ್, ಮೈಕಲ್ ಜಾಕ್ಸನ್. ಅವನ ನಾಟಕದ ಸಿನಿಮಾಗಳಲ್ಲೇ ಅತಿ ಹೆಚ್ಚು 'ಹೊರಗೆ' ಹೋದದ್ದು ಇದು, ದುಡ್ಡು ಕಳೆದದ್ದೂ ಇದೇ. ಜಾಗ ಎಷ್ಟು ದೊಡ್ಡದಾಯಿತೋ ಮನುಷ್ಯರು ಅಷ್ಟು ಚಿಕ್ಕವರಾದರು. ಹಾಡುಗಳನ್ನು ಕೇಳಲು ಅಡ್ಡಿಯಿಲ್ಲ.

ಇದರಿಂದ ಅವನು ಕಲಿತನೋ ಏನೋ, 1982ರ 'ಡೆತ್‌ಟ್ರ್ಯಾಪ್'ನಲ್ಲಿ ಮತ್ತೆ ಒಂದು ಮನೆಯೊಳಗೆ ಬಂದು ಸೇರಿಕೊಂಡ. ಐರಾ ಲೆವಿನ್‌ನ ಕೊಲೆ ನಾಟಕ, ಬ್ರಾಡ್‌ವೇಯಲ್ಲಿ ಸಾವಿರದೇಳುನೂರಕ್ಕೂ ಹೆಚ್ಚು ಪ್ರದರ್ಶನ ಕಂಡದ್ದು. ಸೋತುಹೋದ ನಾಟಕಕಾರನೊಬ್ಬ ತನ್ನ ಶಿಷ್ಯನ ಒಳ್ಳೆಯ ನಾಟಕವನ್ನು ಕದಿಯಲು ಸಂಚು ಹೂಡುತ್ತಾನೆ, ಆಮೇಲಿನದು ತಿರುವಿನ ಮೇಲೆ ತಿರುವು. ಗಾಳಿಯಂತ್ರಕ್ಕೆ ಹೊಂದಿಕೊಂಡ ಹಳೆಯ ಮನೆ, ದಪ್ಪ ತೊಲೆಗಳು, ಗೋಡೆಯ ತುಂಬ ಕೊಡಲಿ ಕತ್ತಿಗಳು. ಗೋಡೆಗೆ ತೂಗುಹಾಕಿದ ಆಯುಧ ಕೊನೆಗೆ ಕೆಳಗಿಳಿಯಲೇಬೇಕಲ್ಲ! (ನೋಡದವರು ಈ ಪ್ಯಾರಾದ ಉಳಿದದ್ದನ್ನು ಬಿಟ್ಟುಬಿಡಿ.) ಲುಮೆಟ್ ಸಿನಿಮಾವನ್ನು ಶುರುಮಾಡುವುದು ಒಂದು ಥಿಯೇಟರಿನಲ್ಲಿ, ನಾಟಕಕಾರನ ಹೊಸ ನಾಟಕ ಮಕಾಡೆ ಮಲಗುವ ರಾತ್ರಿ. ಕೊನೆಯಲ್ಲಿ ಮನೆಯೊಳಗೆ ಮಿಂಚು ಗುಡುಗಿನ ನಡುವೆ ಹೊಡೆದಾಟ ನಡೆಯುತ್ತಿರುವಾಗ ಒಂದು ಕಟ್. ಅದೇ ಹೊಡೆದಾಟ, ಅದೇ ಕೋಣೆ, ಆದರೆ ಈಗ ಅದು ರಂಗದ ಮೇಲಿದೆ, ಬೇರೆ ನಟರು ಆಡುತ್ತಿದ್ದಾರೆ, ಮುಂದೆ ಜನ ಕೂತಿದ್ದಾರೆ. ಅಷ್ಟು ಹೊತ್ತು ನಿಜವಾದ ಮನೆಯೆಂದು ನಂಬಿಸಿದ ಕೋಣೆಯನ್ನು ತಾನೇ ರಟ್ಟಿನ ಕೋಣೆ ಮಾಡಿ ತೋರಿಸಿ, ನಮ್ಮ ಕುರ್ಚಿಯನ್ನು ಮತ್ತೆ ಸಭಾಂಗಣದಲ್ಲೇ ತಂದಿಟ್ಟ.

2005ರಲ್ಲಿ ಅವನಿಗೆ ಗೌರವ ಆಸ್ಕರ್ ಕೊಟ್ಟರು. 2011ರ ಏಪ್ರಿಲ್‌ನಲ್ಲಿ ನ್ಯೂಯಾರ್ಕ್‌ನಲ್ಲಿ ತೀರಿಕೊಂಡ.

ಹೋದ ವರ್ಷ ನಮ್ಮ ತಂಡ ಅದೇ ನಾಟಕವನ್ನು ಮತ್ತೆ ಎತ್ತಿಕೊಂಡಿತು. ವಿಡಿಯೊಕ್ಕೆ ಅದೇ ಹುಡುಗ. ಈ ಸಲ ಅವನನ್ನು ಗ್ರ್ಯಾಂಡ್ ರಿಹರ್ಸಲ್ಲಿಗೇ ಕರೆಸಿ, ಚಪ್ಪಲಿ ಬಿಚ್ಚಿಸಿ, ರಂಗದ ಮೇಲೆಯೇ ಕೂರಿಸಿದೆವು. ಮೊದಲು ಒಮ್ಮೆ ಪೂರ್ತಿ ನೋಡು, ಆಮೇಲೆ ಕ್ಯಾಮೆರಾ ಮುಟ್ಟು ಎಂದೆವು. ಮಗ ಮನೆ ಬಿಟ್ಟು ಹೋಗುವ ಮಾತಾಡುವ ದೃಶ್ಯದಲ್ಲಿ ಅವನು ಮಗನ ಕಡೆ ಹೋಗಲೇ ಇಲ್ಲ, ತಾಯಿಯ ಪಾತ್ರದವರ ಮೊಣಕಾಲ ಪಕ್ಕ ಹೋಗಿ ಕೂತ. ಮನೆಗೆ ಬಂದು ಹಾಕಿ ನೋಡಿದರೆ ತೆರೆಯ ತುಂಬ ಮೊರ. ಆಕೆಯ ಬೆರಳು ಒಳ್ಳೆಯ ಅಕ್ಕಿಯನ್ನು ಒಂದೊಂದೇ ಕಾಳು ಆರಿಸಿ ಹೊರಗೆ ಎಸೆಯುತ್ತಿತ್ತು, ಕಲ್ಲುಗಳನ್ನು ಮೊರದಲ್ಲೇ ಉಳಿಸುತ್ತಿತ್ತು.

ನಾನು ಫೋನ್ ಮಾಡಿ ಕೇಳಿದೆ. 'ಮೊದಲನೇ ಷೋನಿಂದ್ಲೂ ಹಂಗೇ ಮಾಡ್ತಿದ್ದೀನಲ್ಲ ಸಾರ್, ನಿಮಗೆ ಕಂಡಿರ್ಲಿಲ್ವಾ?' ಅಂದರು.